ಹಂದಿ ದೊಡ್ಡಿಗೆ ಸಾಕ್ಷಿ

ಕಾನ್ಸಸ್‌ನ ಮೆನ್ನೊನೈಟ್ ಪಂಥದ ಕ್ರೈಸ್ತರು ಕೋರ್ಟಿನ ಕಟ್ಟೆ ಹತ್ತುವವರಲ್ಲ. ದೇವರ ಮೇಲೂ ಆಣೆ ಇಡುವುದಿಲ್ಲ. ಅವರಲ್ಲಿ ಹೌದೆಂದರೆ ಹೌದು, ಇಲ್ಲವೆಂದರೆ ಇಲ್ಲ. ಅಂಥವರ ನಡುವೆ ಗೆರ್ಹಾರ್ಡ್ ಉನ್ರು ರೈಲು ಕಂಪನಿಯ ಮೇಲೆ ರಾಜ್ಯದ ರೈಲ್ವೆ ಆಯೋಗಕ್ಕೆ ದೂರು ಕೊಟ್ಟ. ಸಭೆಯ ಹಿರಿಯ ರೇಗಿಯರ್ ಅವನ ಜತೆ ಮಾತು ಬಿಟ್ಟರು.

ಅವನಾದರೂ ಏನು ಮಾಡಬೇಕಿತ್ತು? ಊರಿನಲ್ಲಿ ಸ್ಟೇಷನ್ನಿತ್ತು, ಹಂದಿಗಳನ್ನು ಕೂಡಿಹಾಕಿ ರೈಲಿಗೆ ಹತ್ತಿಸುವ ದೊಡ್ಡಿ ಇರಲಿಲ್ಲ. ಕುದುರೆಗಾಡಿಯಲ್ಲಿ ಪಕ್ಕದ ಪೇಟೆ ಮುಟ್ಟಿಸುವಷ್ಟರಲ್ಲಿ ಬಿಸಿಲಿಗೆ ಹಂದಿಗಳು ಸಾಯುತ್ತಿದ್ದವು. ಕಂಪನಿಗೆ ಹೇಳಿದ್ದೆಲ್ಲ ಗೋರ್ಕಲ್ಲ ಮೇಲೆ ಮಳೆ ಸುರಿದಂತಾಗಿತ್ತು.

ವಿಚಾರಣೆ ಊರ ಶಾಲೆಯಲ್ಲೇ ನಡೆಯಿತು. ಕಂಪನಿಯ ವಕೀಲ ಎದ್ದ.

"ನಮ್ಮ ಜಾಗದಲ್ಲಿ, ನಮ್ಮ ಖರ್ಚಲ್ಲಿ ದೊಡ್ಡಿ ಕಟ್ಟಿ ಅನ್ನೋಕೆ ಸರ್ಕಾರ ಯಾರು ಸ್ವಾಮಿ? ಇಲ್ಲಿ ಅದು ಯಾರಿಗೂ ಬೇಕಿಲ್ಲ."

"ಬೇಕು ಅಂತ ನಿಮಗೂ ಗೊತ್ತು," ಎಂದ ಗೆರ್ಹಾರ್ಡ್. "ಪಕ್ಕದ ಪೇಟೆ ದೊಡ್ಡೀಲಿ ನಿಮ್ಮ ದೊಡ್ಡ ಸಾಹೇಬರ ಪಾಲಿದೆ. ಅದಕ್ಕೇ ಇಲ್ಲಿ ಕಟ್ಟಲ್ಲ."

"ಯಾರು ಹೇಳಿದ್ದು?"

ಹೇಳಿದವನು ಹಿಂದಿನ ಬೆಂಚಿನಲ್ಲೇ ಕೂತಿದ್ದ: ಸ್ಟೇಷನ್ ಮಾಸ್ತರ ಲಾಯ್ಡ್ ಹಾರ್ಕಿನ್ಸ್. ಈ ಮಂದಿಯವನಲ್ಲ, ಆದರೂ ಭಾನುವಾರ ಬಂದರೆ ಗೆರ್ಹಾರ್ಡನ ಮನೆಯಲ್ಲೇ ಅವನ ಊಟ. ಸತ್ತ ಹಂದಿಗಳನ್ನು ಕಂಡು ಕರುಳು ಚುರುಕ್ಕೆಂದು, ಉಂಡ ಮೇಲೆ ಗುಟ್ಟಾಗಿ ಹೇಳಿದ್ದ ಮಾತು ಅದು. ಈಗ ತಲೆ ಬಗ್ಗಿಸಿ ಕೂತಿದ್ದ.

ಗೆರ್ಹಾರ್ಡನ ಪೇಚಾಟ ಕಂಡು ಆಯೋಗದವರಿಗೂ ಕನಿಕರ ಬಂತು. "ನೆನಪಿಲ್ಲ ಅಂದ್ರೆ ಬಿಡಪ್ಪ, ಅದಿಲ್ಲದೇನೂ ನಡೆಯುತ್ತೆ," ಎಂದರು.

ಬೇರೆ ಯಾರೇ ಆಗಿದ್ದರೂ ಆ ಬಾಗಿಲಿನಿಂದ ನುಸುಳಿಕೊಳ್ಳುತ್ತಿದ್ದರು. ನೆನಪಿದ್ದದ್ದನ್ನು ಇಲ್ಲವೆನ್ನಲು ಗೆರ್ಹಾರ್ಡನ ನಾಲಿಗೆಗೆ ಯಾರೂ ಕಲಿಸಿರಲಿಲ್ಲ. ಬಾಯಿ ಮುಚ್ಚಿಕೊಂಡಿರಬಹುದೆಂಬ ಬುದ್ಧಿ, ಪಾಪ, ಹೊಳೆಯಲೇ ಇಲ್ಲ.

"ನೆನಪಿದೆ," ಎಂದ. "ಲಾಯ್ಡ್ ಹಾರ್ಕಿನ್ಸ್."

ಆಯೋಗ ಆಜ್ಞೆ ಮಾಡಿತು, ಕಂಪನಿ ಗೊಣಗುತ್ತ ದೊಡ್ಡಿ ಕಟ್ಟಿತು. ಲಾಯ್ಡನ ಕೆಲಸ ಅದಕ್ಕೂ ಮೊದಲೇ ಹೋಗಿತ್ತು. ಬೇರೆ ರೈಲು ಕಂಪನಿಗಳೂ ಅವನಿಗೆ ಬಾಗಿಲು ಹಾಕಿದವು.

ಮೊದಲ ಸಲ ಹಂದಿ ತುಂಬುವ ದಿನ ಎಲ್ಲರಿಗಿಂತ ಮುಂದೆ ಗಾಡಿ ನಿಲ್ಲಿಸಿದವರು ರೇಗಿಯರೇ! ಮಾತು ಬಿಟ್ಟಿದ್ದವರು ಗೆರ್ಹಾರ್ಡನ ಬೆನ್ನು ತಟ್ಟಿ, "ದೇವರು ನಿನ್ನ ಕೈಲಿ ಮಾಡಿಸಿದ ಕಣಪ್ಪ," ಎಂದರು. ಗೆರ್ಹಾರ್ಡನಿಗೆ ಮೈ ಉರಿಯಿತು.

ಊರು ಬಿಡಲು ಅದೇ ರೈಲಿಗೆ ಲಾಯ್ಡ್ ತನ್ನ ಹೆಂಡತಿ, ಕೂಸು, ಒಂದು ಪೆಟ್ಟಿಗೆಯೊಂದಿಗೆ ಕಾದಿದ್ದ. ಗೆರ್ಹಾರ್ಡ್ ಟೋಪಿ ತೆಗೆದು ಎದುರು ನಿಂತ.

"ಲಾಯ್ಡ್, ನನ್ನನ್ನ ಕ್ಷಮಿಸಿಬಿಡೋ."

"ನೀನು ಸುಳ್ಳು ಹೇಳಲ್ಲ ಅಂತ ಗೊತ್ತಿತ್ತು ಕಣೋ. ಅದಕ್ಕೇ ನಿನ್ನ ನಂಬಿದ್ದು," ಎಂದ ಲಾಯ್ಡ್. "ಸುಮ್ನಿರೋಕೂ ಬರಲ್ಲ ಅಂತ ಗೊತ್ತಿರ್ಲಿಲ್ಲ."

"ಗೆರ್ಹಾರ್ಡ್, ಬಾರೋ, ನಿನ್ನ ಸರದಿ!" ರೇಗಿಯರ್ ಕೂಗಿದರು.

ಅವನು ಹೋದ. ದೊಡ್ಡಿಯ ಹೊಸ ಮರದ ಅಗುಳಿಯ ಮೇಲೆ ಕೈಯಿಟ್ಟವನು ಅದನ್ನು ತೆಗೆಯದೆ ಲಾಯ್ಡನ ಕಡೆಗೇ ತಿರುಗಿ ನೋಡುತ್ತ ನಿಂತ. ಕೊನೆಗೆ ರೇಗಿಯರೇ ಬಂದು ತೆಗೆದರು.