ಅಜ್ಜನ ಕೈಯಂದಾಜು

ಕೈ ಮುಂದೆ ಹೋಗಿತ್ತು, ಬುದ್ಧಿ ಆಮೇಲೆ ಬಂತು. ಪುಟ್ಟ ಪಾತ್ರೆಯಲ್ಲಿ ಆಲೂಗಡ್ಡೆ, ಕ್ಯಾರೆಟ್ ಕುದಿದು ಮೆತ್ತಗೆ ಬೆಂದದ್ದೇ ತಡ, ಅಜ್ಜನ ಬಲಗೈ ಉಪ್ಪಿನ ಡಬ್ಬಿಗಿಳಿದು ಒಂದು ಚಿಟಿಕೆ ಎತ್ತಿ ಹಾಕಿಯೂ ಆಗಿತ್ತು. ಬಿದ್ದ ಉಪ್ಪನ್ನು ವಾಪಸು ಹೆಕ್ಕುವ ಅಡುಗೆಯವನು ಇನ್ನೂ ಹುಟ್ಟಿಲ್ಲ.

ಹೋಟೆಲಿನ ಒಲೆಯ ಮುಂದೆಯೇ ಕೂದಲು ಹಣ್ಣಾದ ಮನುಷ್ಯ. ನೂರು ಜನರ ಅಡುಗೆಗೂ ಉಪ್ಪನ್ನು ಅಳೆದು ಹಾಕಿದವನಲ್ಲ. ಕೈಯಂದಾಜೇ ಅವನ ತಕ್ಕಡಿ. ಆ ಕೈಗೆ ಎಂಟು ತಿಂಗಳ ಮೊಮ್ಮಗಳು ಹೊಸ ಗಿರಾಕಿ. ವರ್ಷ ತುಂಬುವವರೆಗೆ ಮಗುವಿನ ಊಟಕ್ಕೆ ಉಪ್ಪು ಬೆರೆಸಬೇಡಿ, ಎಳೆಯ ಮೂತ್ರಪಿಂಡಕ್ಕೆ ಅದು ಹೊರೆ, ಬೇಕಾದಷ್ಟು ಹಾಲಿನಲ್ಲೇ ಸಿಗುತ್ತದೆ ಎಂದು ಡಾಕ್ಟರು ಹೇಳಿದ್ದರು. ಉಪ್ಪಿಗಿಂತ ರುಚಿಯಿಲ್ಲ, ತಾಯಿಗಿಂತ ಬಂಧುವಿಲ್ಲ ಎಂದು ಅಜ್ಜ ಗಾದೆ ತೆಗೆದರೆ ಮಗಳು ಬಿಟ್ಟಾಳೆಯೇ?

"ಆ ತಾಯೀನೇ ಹೇಳ್ತಿದೀನಲ್ಲಪ್ಪಾ, ಉಪ್ಪು ಬೇಡ ಅಂತ."

ಬಸ್ ಕಂಡಕ್ಟರಾಗಿದ್ದ ಅವಳಿಗೆ ಹೆರಿಗೆ ರಜೆ ಮುಗಿದು ಇವತ್ತೇ ಮೊದಲ ಪಾಳಿ. ಅಪ್ಪನ ಕೈಲಿ ಆಗದಿದ್ದರೆ ಮಗುವನ್ನು ಶಿಶುಪಾಲನಾ ಕೇಂದ್ರಕ್ಕೆ ಬಿಡುವುದೆಂದು ಮುಚ್ಚುಮರೆಯಿಲ್ಲದೆ ಹೇಳಿದ್ದಳು. ನಾನಿಲ್ಲವೇ ಎಂದು ಎದೆ ತಟ್ಟಿಕೊಂಡವನು ಅಜ್ಜನೇ.

ಈಗ ಅವಳು ಬಚ್ಚಲಲ್ಲಿದ್ದಳು. ಮಗು ತನ್ನ ಎತ್ತರದ ಕುರ್ಚಿಯಲ್ಲಿ ಬಾಯಿ ತೆರೆದು ಕಾಯುತ್ತಿತ್ತು. ಒಂದು ಚಿಟಿಕೆಗೆ ಲೋಕವೇನು ಮುಳುಗುತ್ತದೆ, ಯಾರು ನೋಡಿದರು ಎಂದು ಮನಸ್ಸು ಮೆಲ್ಲಗೆ ಪುಸಲಾಯಿಸಿತು. ಆದರೆ ಇವತ್ತು ಹಾಕಿದ ಕೈ ನಾಳೆಯೂ ಹಾಕುತ್ತದೆ. ಆ ಕೈಯ ಗುಣ ಅವನಿಗಿಂತ ಚೆನ್ನಾಗಿ ಬಲ್ಲವರಿರಲಿಲ್ಲ. ಅಜ್ಜ ಪಾತ್ರೆಯನ್ನು ಪಕ್ಕಕ್ಕಿಟ್ಟು ಇನ್ನೊಂದು ಆಲೂಗಡ್ಡೆ ಹೆಚ್ಚತೊಡಗಿದ.

ಮಗಳು ಸಮವಸ್ತ್ರ ತೊಟ್ಟು ಬಂದಾಗ ಅವನು ಬಲಗೈಯನ್ನು ಬೆನ್ನಿನ ಹಿಂದೆ ಸೊಂಟಕ್ಕೆ ಸಿಕ್ಕಿಸಿಕೊಂಡು ಎಡಗೈಯಲ್ಲಿ ಅಡ್ಡಾದಿಡ್ಡಿ ತಿರುವುತ್ತಿದ್ದ. ಇದೇನು ವೇಷ, ಎರಡು ಪಾತ್ರೆ ಯಾಕೆ ಎಂದು ಕೇಳಿದಳು.

"ಕೈ ತಪ್ತಮ್ಮ. ಮೊದಲನೇದಕ್ಕೆ ಉಪ್ಪು ಬಿತ್ತು. ಅದು ನಂಗೆ, ಇದು ಇವಳಿಗೆ."

ಹೇಳಿಬಿಟ್ಟ ಮೇಲೆ ಅವನಿಗೆ ಹೆದರಿಕೆಯಾಯಿತು. ಮಗುವಿಲ್ಲದ ಮನೆಯಲ್ಲಿ ಹಗಲು ಕಳೆಯುವುದನ್ನು ನೆನೆಸಿಕೊಳ್ಳುವುದೂ ಅವನಿಗೆ ಬೇಡವಾಗಿತ್ತು. ಮಗಳು ಒಂದು ಪಾತ್ರೆಯನ್ನೂ ಇನ್ನೊಂದನ್ನೂ ನೋಡಿದಳು.

"ನೀನು ಹೇಳದಿದ್ರೆ ನಂಗೆ ಗೊತ್ತಾಗ್ತಿತ್ತಾ?"

"ಎಲ್ಲಿ ಗೊತ್ತಾಗುತ್ತೆ."

ಅವಳು ಮಗುವಿನ ಕೊರಳಿಗೆ ಊಟದ ಬಟ್ಟೆ ಕಟ್ಟಿದಳು. ಅಜ್ಜ ಬೆಂದದ್ದನ್ನು ನುಣ್ಣಗೆ ಹಿಸುಕಿ, ಆರಿಸಿ, ಹಳೆಯ ಕಸುಬಿನ ಚಾಳಿಯಂತೆ ಬೇರೆ ಚಮಚದಲ್ಲಿ ತಾನೊಮ್ಮೆ ರುಚಿ ನೋಡಿ ಮುಖ ಕಿವುಚಿದ. ಮಗು ಮಾತ್ರ ಚಪ್ಪರಿಸಿ ನುಂಗಿ ಇನ್ನೊಂದು ತುತ್ತಿಗೆ ಕೈ ಬಡಿಯಿತು. ತನ್ನ ಜನ್ಮದಲ್ಲಿ ಇಷ್ಟು ಸಪ್ಪೆ ಅಡುಗೆಗೆ ಇಷ್ಟು ಮರ್ಯಾದೆ ಸಿಕ್ಕಿದ್ದನ್ನು ಅವನು ಕಂಡಿರಲಿಲ್ಲ.

ಮಗಳು ಟಿಕೆಟ್ ಚೀಲವನ್ನು ಹೆಗಲಿಗೇರಿಸಿಕೊಂಡು, ಮಗುವಿನ ನೆತ್ತಿಗೆ ಮುತ್ತಿಟ್ಟು, ಬಾಗಿಲು ಎಳೆದುಕೊಂಡಳು. ಚಮಚ ಹಿಡಿದ ಅಜ್ಜ ಕಿವಿಗೊಟ್ಟು ಕೂತ. ಅವಳ ಹೆಜ್ಜೆಗಳು ನಡುವೆ ಎಲ್ಲೂ ನಿಲ್ಲದೆ ಮೆಟ್ಟಿಲಿಳಿದು ಹೋದವು.