ಭಾನುವಾರದ ಆದೇಶ

"ಸ್ವಲ್ಪ ಸರಿಯಮ್ಮಾ, ಮನೆಯವರು ನಿಲ್ಲಲಿ," ಎಂದು ಹೂಹಾರ ಹಿಡಿದವರೊಬ್ಬರು ಭುಜ ತಟ್ಟಿದಾಗ, ಅಪ್ಪನ ಹೆಣದ ಕಾಲ ಬಳಿ ನಿಂತಿದ್ದ ಅವಳು ಗೋಡೆಗೆ ಸರಿದಳು. ಒಳಗಿನಿಂದ ಅತ್ತೆ ಓಡಿಬಂದು ಕೈ ಹಿಡಿದಳು.

"ಯಾರನ್ನ ಸರಿ ಅಂತಿದೀರಿ? ನನ್ನ ತಮ್ಮನ ಮಗಳು ರೀ ಇವಳು. ಇರೋದೇ ಒಬ್ಬಳು."

ಹೂಹಾರದವರು ಹಿಂದೆ ಸರಿದು ಜಾಗ ಬಿಟ್ಟರು. ಸ್ಕೂಟರು, ಬಸ್ಸುಗಳಿಗೆ ಸೀಟು ಹೊಲಿಯುತ್ತಿದ್ದ ಅಪ್ಪನನ್ನು ಬೀದಿಯವರೆಲ್ಲ 'ಕುಷನ್ ಅಣ್ಣ' ಎನ್ನುತ್ತಿದ್ದರೆಂಬುದು ಅವಳಿಗೆ ಗೊತ್ತಾದದ್ದೇ ಅಲ್ಲಿ.

"ಊರಿಗೆಲ್ಲ ಮೆತ್ತನೆ ಸೀಟು ಹೊಲಿದ ಪುಣ್ಯಾತ್ಮ, ತಾನು ಮಾತ್ರ ಕೋರ್ಟಿನ ಮರದ ಬೆಂಚು ಸವೆಸಿದ," ಎಂದ ಪಕ್ಕದ ಅಂಗಡಿಯ ಮೆಕ್ಯಾನಿಕ್.

*

ಅಪ್ಪ ಅಮ್ಮ ಬೇರೆಯಾದಾಗ ಅವಳಿನ್ನೂ ಹಲ್ಲು ಬೀಳುವ ವಯಸ್ಸಿನವಳು. ಪ್ರತಿ ಭಾನುವಾರ ಮಗಳನ್ನು ಅಪ್ಪನ ಬಳಿ ಬಿಡಬೇಕೆಂದು ಕೌಟುಂಬಿಕ ನ್ಯಾಯಾಲಯ ಆದೇಶ ಕೊಟ್ಟಿತು. ಒಂದು ಭಾನುವಾರ ಜ್ವರ, ಇನ್ನೊಂದು ಭಾನುವಾರ ಪರೀಕ್ಷೆ, ಮತ್ತೊಂದು ಭಾನುವಾರ ಮನೆಗೇ ಬೀಗ. ಆದೇಶ ಜಾರಿ ಮಾಡಿಸಿ ಎಂದು ಅಪ್ಪ ಹಾಕಿದ ಅರ್ಜಿಗೆ ವಾಯಿದೆಯ ಮೇಲೆ ವಾಯಿದೆ. "ನಿಮ್ಮಪ್ಪಂಗೆ ನೀನು ಬೇಕಾಗಿದ್ರೆ ಬರ್ತಿರ್ಲಿಲ್ವಾ?" ಎಂದಳು ಅಮ್ಮ. ಅವಳು ನಂಬಿದಳು. ಗೇಟಿನಾಚೆ ಕಾದು ಕಾದು ಹೋದವನ ಸುದ್ದಿ ಅವಳ ಕಿವಿಗೆ ಬೀಳಲೇ ಇಲ್ಲ.

ಕೊನೆಗೆ ಅಪ್ಪ ಹೈಕೋರ್ಟಿನ ಮೆಟ್ಟಿಲೇರಿದ. "ಮಗು ಬೆಳೆಯುವುದಕ್ಕೂ ವಾಯಿದೆ ಕೊಡುತ್ತೀರಾ?" ಎಂದು ನ್ಯಾಯಮೂರ್ತಿ ಗದರಿ, ಕೆಳಗಿನ ಕೋರ್ಟಿನಿಂದ ತಿಂಗಳು ತಿಂಗಳೂ ವರದಿ ತರಿಸಿಕೊಂಡರು. ವರ್ಷಗಟ್ಟಲೆ ಅಲ್ಲಾಡದ್ದು ಆಗ ಸರಸರ ನಡೆಯಿತು. ಕೋರ್ಟಿನ ಅಮೀನ ಮನೆಗೇ ಬಂದು ಅವಳನ್ನು ಕರೆದೊಯ್ದ. ಅಷ್ಟರಲ್ಲಿ ಅವಳಿಗೆ ಹದಿನೇಳು.

ಕೋರ್ಟಿನ ಭೇಟಿಯ ಕೋಣೆಯಲ್ಲಿ ಗೊಂಬೆಗಳು, ಪುಟಾಣಿ ಕುರ್ಚಿಗಳು. ಅದರಲ್ಲೊಂದರ ಮೇಲೆ ಅಪ್ಪ ಮೊಣಕಾಲು ಎದೆಗೆ ತಾಗುವಂತೆ ಕೂತಿದ್ದ.

"ಏನು ಓದ್ತಿದೀಯ, ಪುಟ್ಟಿ?"

"ನಂಗೆ ನಿಮ್ಮ ಹತ್ರ ಮಾತಾಡೋಕೆ ಏನೂ ಇಲ್ಲ."

ಮೊಬೈಲಿಗೆ ಬಗ್ಗಿಸಿದ ತಲೆಯನ್ನು ಅವಳು ಹೊರಡುವವರೆಗೂ ಎತ್ತಲಿಲ್ಲ. ಆಮೇಲೆ ಅಪ್ಪನೇ ಅರ್ಜಿ ವಾಪಸು ಪಡೆದ.

*

"ಅತ್ತೆ, ಅವತ್ತು ಕೋರ್ಟಲ್ಲಿ ನನ್ನ ನೋಡ್ಕೊಂಡು ಅಪ್ಪ ಮನೆಗೆ ಬಂದು ಏನಂದ್ರು?"

ಅತ್ತೆ ಕೈಬೆನ್ನಿನಿಂದ ಮೂಗು ಒರೆಸಿಕೊಂಡಳು. "ಖುಷಿಯಾಗಿದ್ದ ಕಣೇ. 'ಅಕ್ಕಾ, ಪುಟ್ಟಿ ಮಾತಾಡಿದ್ಲು, ಧ್ವನಿ ಥೇಟ್ ನಮ್ಮಮ್ಮಂದೇ' ಅಂದ. ಏನು ಮಾತಾಡಿದ್ಲೋ ಅಂದ್ರೆ ಬಾಯೇ ಬಿಡ್ಲಿಲ್ಲ. ಮತ್ಯಾಕೆ ಕೇಸು ಬಿಟ್ಟೆ ಅಂದೆ. 'ದೊಡ್ಡೋಳಾಗಿದಾಳೆ. ಕಳ್ಳರನ್ನ ಹಿಡಿದ ಹಾಗೆ ಹಿಡ್ಕೊಂಡು ಬರೋದು ಬೇಡ. ಬೇಕು ಅನ್ಸಿದಾಗ ಅವಳೇ ಬರ್ತಾಳೆ' ಅಂದ."

ಅವಳು ಬಂದಿದ್ದಳು. ಎರಡು ಸಲ, ಅಪ್ಪನ ಅಂಗಡಿಯ ಬೀದಿಯ ತಿರುವಿನವರೆಗೆ. ಹೊಲಿಗೆ ಯಂತ್ರದ ಸದ್ದು ಕೇಳಿ, ಏನೆಂದು ಮಾತು ಶುರು ಮಾಡುವುದೋ ತಿಳಿಯದೆ ಹಿಂದಿರುಗಿದ್ದಳು. ಅದನ್ನು ಅತ್ತೆಗೆ ಹೇಳಹೋದಳು.

ಅಷ್ಟರಲ್ಲಿ ಹೊರಗೆ ಹೆಣ ಸಾಗಿಸುವ ವ್ಯಾನು ಬಂದು ನಿಂತಿತು. "ಹಿಂದೆ ಒಬ್ರಿಗೆ ಮಾತ್ರ ಜಾಗ. ಯಾರು ಕೂರ್ತೀರಿ?" ಎಂದ ಚಾಲಕ.

ಅತ್ತೆ ಅವಳ ಬೆನ್ನಿಗೆ ಕೈಯಿಟ್ಟಳು. ಅವಳು ಹತ್ತಿದಳು.

ಬೀದಿ ದಾಟಿ ದೊಡ್ಡ ರಸ್ತೆಗೆ ಹೊರಳುವಾಗ ಅಪ್ಪನ ದೇಹ ಪಕ್ಕಕ್ಕೆ ಜಾರಿತು. ಅವಳು ತಟ್ಟನೆ ಬಾಗಿ ಭುಜ ಹಿಡಿದುಕೊಂಡಳು. ವ್ಯಾನು ನೆಟ್ಟಗಾಯಿತು. ಅವಳ ಕೈ ಅಲ್ಲೇ ಇತ್ತು.