ಪೊನ್ಸಾಮಿ ಸಹಿ ಹಾಕಲಿಲ್ಲ

ಶವಪೆಟ್ಟಿಗೆಯ ಮುಂಭಾಗ ಆಗಲೇ ವ್ಯಾನಿನೊಳಗೆ ಸೇರಿತ್ತು. ಕುಂತಿ ಅಡ್ಡ ಬಂದಳು.

"ಇಳಿಸಿ. ಅಪ್ಪ ಈ ಗಾಡೀಲಿ ಹೋಗಲ್ಲ."

ಲಂಬಾಸಾ ಊರಿನ ಟ್ಯಾಕ್ಸಿ ಡ್ರೈವರುಗಳೆಲ್ಲ ಅಂಗಳದಲ್ಲಿದ್ದರು. ವ್ಯಾನಿನ ಮಾಲೀಕ ಬಿಸುನ್ ಹೂಮಾಲೆ ಹಿಡಿದು ಮುಂದೆ ಬಂದ.

"ಏನಮ್ಮಾ ಇದು? ನಿಮ್ಮಪ್ಪ ನನ್ನ ಗ್ಯಾರೇಜಲ್ಲಿ ಇಪ್ಪತ್ತಾರು ವರ್ಷ ದುಡಿದವ್ನು. ಕೊನೇ ಸೇವೆ ಅಂತ ಗಾಡಿ ಕಳಿಸಿದೀನಿ."

ಅಪ್ಪನ ಜೊತೆ ಗಾಡಿಗಳಡಿ ಮಲಗಿ ಕೆಲಸ ಕಲಿತಿದ್ದ ಕುಂತಿ ಮುಂದಿನ ಚಕ್ರದ ಬಳಿ ಕೂತಳು. ಟೈರಿನ ಹೊರಅಂಚು ಹೊಸದರಂತಿತ್ತು, ಒಳಅಂಚು ಬೋಳು. ಕೈ ಒಳಗೆ ಹಾಕಿ, ಚಕ್ರವನ್ನು ಹಿಡಿದಿಡುವ ಕೀಲಾದ ಬಾಲ್ ಜಾಯಿಂಟಿನ ರಬ್ಬರು ಮುಟ್ಟಿದಳು. ಹರಿದಿತ್ತು. ಬೆರಳಿಗೆ ಗ್ರೀಸ್ ಬದಲು ಕೆಂಧೂಳು ಅಂಟಿತು.

"ಇದೂ ಅಂಥದ್ದೇ" ಎಂದಳು.

*

ಮೂರು ವರ್ಷದ ಹಿಂದೆ ಕುಂತಿಯ ಅಪ್ಪ ಪೊನ್ಸಾಮಿ ಬಿಸುನ್‌ನ ಶಾಲಾ ವ್ಯಾನನ್ನು ಜ್ಯಾಕ್ ಮೇಲೆ ಎತ್ತಿ, ಚಕ್ರವನ್ನು ಮೇಲೊಂದು ಕೈ ಕೆಳಗೊಂದು ಕೈ ಹಿಡಿದು ಅಲ್ಲಾಡಿಸಿದ್ದ. ಟಕ್, ಟಕ್ ಎಂದಿತ್ತು.

"ಕೀಲು ಸವೆದಿದೆ ಸೇಠ್. ಕಳಚಿದ್ರೆ ಚಕ್ರ ಮಗುಚ್ಕೊಳ್ಳತ್ತೆ. ಗಾಡಿ ಸರಿಯಿದೆ ಅನ್ನೋ ಚೀಟಿಗೆ ನಾನು ಸಹಿ ಹಾಕಲ್ಲ."

"ಕಬ್ಬಿನ ರಸ್ತೇಲಿ ಯಾವ ಗಾಡಿ ಟಕ್ ಅನ್ನಲ್ಲವೋ? ಸದ್ದು ನಿನ್ನ ಕಿವಿ ಒಳಗಿದೆ."

ಮರುದಿನದಿಂದ ಅವನಿಗೆ ಕೆಲಸವಿಲ್ಲ. ಸಹಿಯನ್ನು ಬೇರೆ ಯಾರೋ ಹಾಕಿದರು. ಹನ್ನೊಂದನೇ ದಿನ ಇಳಿಜಾರಿನಲ್ಲಿ ಚಕ್ರ ಕಳಚಿತು. ಮಕ್ಕಳು ಇಳಿದಾಗಿತ್ತು. ಡ್ರೈವರ್ ಸಮಿಸೋನಿಯ ಬಲಗಾಲು ಹೋಯಿತು.

ಪೊನ್ಸಾಮಿಯೇ ನೋಡಿ ಸರಿಯಿದೆ ಅಂದಿದ್ದ ಎಂದು ಬಿಸುನ್ ವಿಚಾರಣೆಯಲ್ಲಿ ಹೇಳಿದ. ಆಮೇಲೆ ಯಾವ ಗ್ಯಾರೇಜೂ ಪೊನ್ಸಾಮಿಯನ್ನು ಸೇರಿಸಲಿಲ್ಲ. ಅವನು ದಿನಾ ಬೆಳಗ್ಗೆ ಟ್ಯಾಕ್ಸಿ ಸ್ಟ್ಯಾಂಡಿಗೆ ಹೋಗಿ, ಕರೆಯದಿದ್ದರೂ, ಚಕ್ರಗಳನ್ನು ಅಲ್ಲಾಡಿಸಿ ನೋಡುತ್ತಿದ್ದ. "ಬಂದ್ರಪ್ಪಾ ಡಾಕ್ಟರು" ಎಂದು ಡ್ರೈವರುಗಳು ನಗುತ್ತಿದ್ದರು. ನಕ್ಕವರೇ ಮಧ್ಯಾಹ್ನ ಹೋಗಿ ಅವನು ಹೇಳಿದ ಭಾಗ ಬದಲಾಯಿಸಿಕೊಂಡು ಬರುತ್ತಿದ್ದರು.

*

"ಸಾವಿನ ಮನೇಲಿ ಜಗಳ ಬೇಡ" ಎಂದ ಬಿಸುನ್.

"ಜಗಳ ಅಲ್ಲ. ಅವತ್ತು ಅಪ್ಪ ಏನಂದ್ರು ಅಂತ ಇವರ ಮುಂದೆ ಹೇಳಿ, ಸಾಕು."

ಬಿಸುನ್ ಮಾಲೆಯನ್ನು ಇನ್ನೊಂದು ಕೈಗೆ ಬದಲಿಸಿದ.

"ನಾನು ಹೇಳ್ತೀನಿ." ಊರುಗೋಲು ಊರುತ್ತ ಸಮಿಸೋನಿ ಬಂದ. "ಓಡಿಸಬೇಡ ಅಂತ ಪೊನ್ಸಾಮಿ ನನಗೂ ಹೇಳಿದ್ದ. ಹೋಗು ಅಂದವರು ಈ ಸೇಠ್. ಕೆಲಸ ಹೋಗತ್ತೆ ಅಂತ ಹೋದೆ. ವಿಚಾರಣೇಲಿ ಬಾಯಿ ಬಿಡಲಿಲ್ಲ."

"ಮೂರು ವರ್ಷ, ಸಮಿ ಮಾಮ" ಎಂದಳು ಕುಂತಿ.

"ಹೂಂ."

ಅವಳು ಅವನ ಮುಖ ನೋಡಲಿಲ್ಲ. ಡ್ರೈವರುಗಳಲ್ಲಿ ನಾಲ್ವರು ಪೆಟ್ಟಿಗೆ ಹೊರಗೆಳೆದು ಹೆಗಲಿಗೇರಿಸಿದರು. ಸುಡುಗಾಡು ಎರಡು ಮೈಲಿ. ಸಮಿಸೋನಿ ಊರುಗೋಲನ್ನು ಕಂಕುಳಿಗೆ ಒತ್ತಿಕೊಂಡು, ಇನ್ನೊಂದು ಅಂಗೈಯನ್ನು ಪೆಟ್ಟಿಗೆಯ ಅಂಚಿಗೆ ಕೊಟ್ಟ. ಹೊತ್ತವರು ಅವನ ಕುಂಟು ಹೆಜ್ಜೆಗೇ ಹೆಜ್ಜೆ ಹಾಕಿದರು. ಹಿಂದೆ ಉಳಿದವರ ಹದಿನೇಳು ಟ್ಯಾಕ್ಸಿಗಳು ಮೊದಲ ಗೇರಿನಲ್ಲಿ ತೆವಳಿದವು.